ಮಾಸ್ತರು ಕೊಂದ ನೀಲವ್ವ

ಒಳ್ಳೆಯ ಮಾತನ್ನು ಬಾಯಲ್ಲಿ ಆಡಿ ಬಿಡಬೇಕು, ಬೋರ್ಡಿನ ಮೇಲೆ ಬರೆಸಬಾರದು. ಆಡಿದ ಮಾತಾದರೆ ಮರುದಿನ ‘ನಾನು ಹಾಗಂದೆನೇ?’ ಎಂದು ಕಣ್ಣರಳಿಸಿ ಪಾರಾಗಬಹುದು. ಹಳದಿ ಬಣ್ಣದ ಮೇಲೆ ಕೆಂಪಕ್ಷರದಲ್ಲಿ ಬರೆಸಿ, ಬೀದಿಗೆ ಕಾಣುವ ಹಾಗೆ ನಾಲ್ಕು ಮೊಳೆ ಹೊಡೆಸಿದ ಮಾತಿನಿಂದ ಪಾರಾಗುವುದು ಹೇಗೆ? ಈ ತಿಳಿವಳಿಕೆ ನನಗೆ ಬಂದದ್ದು ಮೊಳೆ ಹೊಡೆಸಿದ ಮೇಲೆ. ತಿಳಿವಳಿಕೆ ನನ್ನ ಪಾಲಿಗೆ ಯಾವಾಗಲೂ ಹೀಗೆಯೇ. ಕಾದು ಕಾದು ಸಾಕಾಗಿ ಜನರೆಲ್ಲ ಟಂಟಂ ಆಟೋ ಹಿಡಿದು ಹೋದ ಮೇಲೆ ಬರುವ ಬಸ್ಸಿನ ಹಾಗೆ, ಬರುವುದೇನೋ ಬರುತ್ತದೆ.

ಅಂಚೆ ಕಚೇರಿಯ ಕೌಂಟರಿನ ಹಿಂದೆ ಕೂತು ಊರವರ ಕಾಗದಗಳ ಮೇಲೆ ಠಸ್ಸೆ ಹೊಡೆಯುತ್ತಲೇ ನನ್ನ ಅರ್ಧ ಆಯುಷ್ಯ ಕಳೆಯಿತು. ನಿವೃತ್ತಿಯಾದ ಮೇಲೆ ಜಮಖಂಡಿ ಬಸ್ ನಿಲ್ದಾಣಕ್ಕೆ ಕೂಗಳತೆಯಲ್ಲಿದ್ದ, ಹಿಂದೆ ಸೈಕಲ್ ದುರಸ್ತಿ ಅಂಗಡಿಯಾಗಿದ್ದ ಒಂದು ಕೋಣೆಯನ್ನು ಹಿಡಿದು ಪುಸ್ತಕದ ಅಂಗಡಿ ತೆರೆದೆ. ಗೋಡೆಗೆ ಎರಡು ಸಲ ಸುಣ್ಣ ಬಳಿಸಿದರೂ ಗ್ರೀಸಿನ ವಾಸನೆ ಹೋಗಿಲ್ಲ. ಮೂಗು ಚುರುಕಾಗಿರುವವರು ಈಗಲೂ ಕಾದಂಬರಿಯನ್ನು ಕೈಗೆತ್ತಿಕೊಂಡು ಅನುಮಾನದಿಂದ ಮೂಸಿ ನೋಡುತ್ತಾರೆ. ಆ ದಿನಗಳಲ್ಲೇ ಯಾವುದೋ ಪತ್ರಿಕೆಯ ಭಾನುವಾರದ ಪುರವಣಿಯಲ್ಲಿ ಪರದೇಶದ ಒಂದು ಪುಸ್ತಕದಂಗಡಿಯ ಕುರಿತು ಓದಿದೆ. ಅಲ್ಲಿ ಬರಹಗಾರರು ಕಿಟಕಿಯ ಪಕ್ಕ ಕೂತು ಬರೆಯುತ್ತಾರಂತೆ, ದಾರಿಹೋಕರು ದಣಿವಾರಿಸಿಕೊಳ್ಳುತ್ತಾರಂತೆ, ಪುಸ್ತಕಗಳ ನಡುವೆ ಬೆಕ್ಕೊಂದು ಮಲಗಿರುತ್ತದಂತೆ. ಓದಿ ನನ್ನ ಎದೆ ಉಬ್ಬಿತು. ಅವರು ಮಾಡಬಹುದಾದರೆ ನಾನು ಯಾಕೆ ಮಾಡಬಾರದು? ಬೆಕ್ಕೊಂದನ್ನು ಬಿಟ್ಟು ಉಳಿದದ್ದೆಲ್ಲ ಮಾಡುವುದೆಂದು ನಿಶ್ಚಯಿಸಿ, ಪ್ರಯಾಣಿಕರಿಗೆಂದು ಒಂದು ಬೆಂಚು, ಬರಹಗಾರರಿಗೆಂದು ಕಿಟಕಿಯ ಬಳಿ ಒಂದು ಮೇಜು-ಕುರ್ಚಿ ತರಿಸಿದೆ. ನನ್ನ ಯಜಮಾನರು ಕಾಲೇಜಿನಲ್ಲಿ ಗಣಿತ ಕಲಿಸಿದವರು, ಯಾವುದಕ್ಕೂ ಬೇಗ ಉಬ್ಬುವವರಲ್ಲ. “ಶಾಂತಾ, ನಮ್ಮ ಮಂದಿಗೆ ಕುಂದರ್ರಿ ಅನಬಾರದು. ಕುಂತರ ಏಳೂದಿಲ್ಲ” ಎಂದರು. ಹಾಗೆನ್ನುವಾಗ ಅವರೂ ಬೆಳಗಿನಿಂದ ಒಂದೇ ಆರಾಮ ಕುರ್ಚಿಯಲ್ಲಿ ಕೂತಿದ್ದರಾದ್ದರಿಂದ ನಾನು ಆ ಮಾತಿಗೆ ಬೆಲೆ ಕೊಡಲಿಲ್ಲ.

ಬೋರ್ಡಿಗೆಂದು ನಾನು ಬರೆದುಕೊಟ್ಟದ್ದು ಇಷ್ಟೇ: ‘ಪುಸ್ತಕ ಮಳಿಗೆ. ಬರಹಗಾರರಿಗೂ ಪ್ರಯಾಣಿಕರಿಗೂ ಸ್ವಾಗತ. ಕುಳಿತು ಓದಿ.’ ಪೇಂಟರ್ ‘ಪ್ರಯಾಣಿಕರಿಗೂ ಸ್ವಾಗತ’ ಎಂಬುದನ್ನು ಗೇಣುದ್ದದ ಅಕ್ಷರದಲ್ಲಿ ಬರೆದು, ‘ಪುಸ್ತಕ ಮಳಿಗೆ’ಯನ್ನೂ ‘ಬರಹಗಾರರಿಗೂ’ ಎಂಬುದನ್ನೂ ಬೆರಳುದ್ದಕ್ಕೆ ಇಳಿಸಿ, ‘ಓದಿ’ ಎಂಬುದಕ್ಕೆ ಜಾಗವೇ ಸಾಲದೆ ‘ಕುಳಿತು’ ಎಂಬಲ್ಲಿಗೆ ನಿಲ್ಲಿಸಿದ್ದ. ಇದೇನಪ್ಪ ಎಂದು ಕೇಳಿದೆ. “ಬಾಯಾರ, ಪುಸ್ತಕ ಬೇಕಾದಾವ್ರು ಸಣ್ಣ ಅಕ್ಷರ ಓದತಾರ್ರಿ. ಬಸ್ಸಿಗೆ ಓಡಾವ್ರಿಗೆ ದೊಡ್ಡದು ಬೇಕು” ಎಂದ. ಆ ಕ್ಷಣಕ್ಕೆ ಅದು ಎಷ್ಟು ಸರಿಯೆನಿಸಿತೆಂದರೆ, ನಾನೇ ಅವನಿಗೆ ಚಹಾ ತರಿಸಿಕೊಟ್ಟೆ.

ಮಾರನೆಯ ದಿನದಿಂದ ಪ್ರಯಾಣಿಕರು ಬರತೊಡಗಿದರು. “ಬಾಯಾರ, ಬೀಳಗಿ ಬಸ್ ಹೋತೇನ್ರಿ?” “ಬಾಯಾರ, ರಬಕವಿ ಗಾಡಿ ಇಲ್ಲೆ ನಿಲ್ಲತೈತೇನ್ರಿ?” ಪುಸ್ತಕದ ಹೆಸರು ಹಿಡಿದು ಯಾರೂ ಏನನ್ನೂ ಕೇಳಲಿಲ್ಲ. ಎರಡು ತಿಂಗಳಲ್ಲಿ ನನಗೆ ಯಾವ ಊರಿನ ಬಸ್ಸು ಯಾವ ಹೊತ್ತಿಗೆ ಬರುತ್ತದೆ, ಬರಬೇಕಾದ್ದಕ್ಕಿಂತ ಎಷ್ಟು ತಡವಾಗಿ ಬರುತ್ತದೆ ಎಂಬುದು ಬಾಯಿಪಾಠವಾಯಿತು. ಒಮ್ಮೆ ತುಬಚಿಯ ರೈತರೊಬ್ಬರು ಸುಟ್ಟುಹೋದ ಪಂಪಿನ ಮೋಟರನ್ನು ಹೊತ್ತು ತಂದು, ಕವನ ಸಂಕಲನಗಳ ಕೆಳಗಿನ ಖಾನೆಯಲ್ಲಿ ಇಟ್ಟು, “ರಿಪೇರಿ ಮಾಡಾಂವ ಊಟಕ್ಕ ಹೋಗ್ಯಾನ್ರಿ, ಬಂದ ಕೂಡ್ಲೆ ಒಯ್ಯತೇನಿ” ಎಂದು ಹೋದವರು ನಾಲ್ಕು ದಿನ ಬರಲಿಲ್ಲ. ಆ ನಾಲ್ಕು ದಿನ ನನ್ನ ಅಂಗಡಿಗೆ ಬಂದವರು ಬಗ್ಗಿ ನೋಡಿದ, ಮುಟ್ಟಿ ನೋಡಿದ, ಬೆಲೆ ಕೇಳಿದ ಒಂದೇ ಒಂದು ವಸ್ತು ಆ ಮೋಟರು. ಕವಿಗಳ ಪರವಾಗಿ ನನಗೇ ಅವಮಾನವಾಯಿತು.

ಆದರೂ ಪ್ರಯಾಣಿಕರನ್ನು ಹೇಗೋ ಸಹಿಸಬಹುದು. ಅವರಿಗೆ ಬಸ್ಸು ಬರುತ್ತದೆ. ಬರಹಗಾರರಿಗೆ ಬಸ್ಸು ಬರುವುದಿಲ್ಲ.

ನನ್ನ ಪಾಲಿಗೆ ಬಂದ ಬರಹಗಾರರು ಗುರುಪಾದಪ್ಪ ಮಾಸ್ತರು. ಚಿಮ್ಮಡದವರು, ಪ್ರಾಥಮಿಕ ಶಾಲೆಯಲ್ಲಿ ಕಲಿಸಿ ನಿವೃತ್ತರಾದವರು. ಬೋರ್ಡಿನ ಸಣ್ಣ ಅಕ್ಷರವನ್ನು ಓದಿದ ಮೊದಲನೆಯ ಮನುಷ್ಯ ಅವರೇ ಎಂದು ನನಗೆ ಅವರ ಮೇಲೆ ಮೊದಲ ದಿನ ಅಪಾರ ಗೌರವ ಮೂಡಿತು. ಮನೆಯಲ್ಲಿ ಮಗ ದಿನವಿಡೀ ಟಿವಿ ಹಚ್ಚಿರುತ್ತಾನೆ, ಒಂದು ವಾಕ್ಯ ಕೂಡಿಬರುವುದಿಲ್ಲ ಎಂದು ಸಂಕಟ ತೋಡಿಕೊಂಡರು. “ಕಾದಂಬರಿ ಬರ್ಯಾಕತ್ತೇನ್ರಿ ಬಾಯಾರ. ಒಂದ ತಿಂಗಳದಾಗ ಮುಗಸತೇನಿ.” ನಾನು ಕಿಟಕಿಯ ಬಳಿಯ ಕುರ್ಚಿಯನ್ನು ಸೆರಗಿನಿಂದ ಒರೆಸಿ ಕೊಟ್ಟೆ. ಮರುದಿನ ಅವರು ಮೆತ್ತೆ ತಂದರು. ಅದರ ಮರುದಿನ ಊಟದ ಡಬ್ಬಿ. ವಾರದೊಳಗೆ ಅವರ ಛತ್ರಿ, ಒಂದು ಜೊತೆ ಹೆಚ್ಚಿನ ಚಪ್ಪಲಿ, ಮಂಡಿನೋವಿನ ಎಣ್ಣೆಯ ಸೀಸೆ ಇವೆಲ್ಲ ನನ್ನ ಅಂಗಡಿಯಲ್ಲಿ ಕಾಯಂ ಆದವು. ಮಂಡಿನೋವಿನ ಎಣ್ಣೆ ಗ್ರೀಸಿನ ವಾಸನೆಯನ್ನು ಮುಚ್ಚಿತು ಎಂಬುದೊಂದೇ ಲಾಭ.

ಅವರು ಸುಮ್ಮನೆ ಬರೆಯುವವರಾಗಿದ್ದರೆ ನಾನು ಈ ಪ್ರಬಂಧ ಬರೆಯುತ್ತಿರಲಿಲ್ಲ. ನಲವತ್ತು ಮಕ್ಕಳಿಗೆ ಉಕ್ತಲೇಖನ ಹೇಳಿ ರೂಢಿಯಾದ ಗಂಟಲು ಅದು. ಬರೆದ ಪ್ರತಿ ವಾಕ್ಯವನ್ನೂ, ಅಲ್ಪವಿರಾಮ ಪೂರ್ಣವಿರಾಮಗಳ ಸಮೇತ, ಗಟ್ಟಿಯಾಗಿ ಓದಿಯೇ ಮುಂದಿನದಕ್ಕೆ ಹೋಗುತ್ತಿದ್ದರು. ತಾವು ಓದುವಾಗ ಬೇರೆ ಯಾರೂ ಮಾತಾಡಬಾರದು. ಗಿರಾಕಿಗಳು ಬೆಲೆ ಕೇಳಿದರೆ ಇತ್ತ ತಿರುಗಿ ತುಟಿಯ ಮೇಲೆ ಬೆರಳಿಡುತ್ತಿದ್ದರು. ಕೇಳಿದವರು ಹೆದರಿ ಪುಸ್ತಕ ಕೆಳಗಿಡುತ್ತಿದ್ದರು. ಒಬ್ಬ ಗೃಹಸ್ಥರಂತೂ ಗ್ರಂಥಾಲಯಕ್ಕೆ ಬಂದೆನೆಂದು ಭಾವಿಸಿ ಇಡೀ ಮಧ್ಯಾಹ್ನ ಕೂತು ಒಂದು ಅಡುಗೆ ಪುಸ್ತಕ ಓದಿ ಮುಗಿಸಿ, ನನಗೆ ಕೈಮುಗಿದು ಹೋದರು. ಸಂಜೆ ಮನೆಗೆ ಹೋಗಿ ಸಿಡಿಮಿಡಿಗೊಂಡರೆ ಯಜಮಾನರು, “ಏಳ್ರಿ ಅನ್ನು” ಎನ್ನುತ್ತಿದ್ದರು. ಗಣಿತದವರಿಗೆ ಎಲ್ಲವೂ ಸುಲಭ. ತಲೆ ನರೆತ ಮಾಸ್ತರೊಬ್ಬರು ಕಣ್ಣುಮುಚ್ಚಿ ‘ಮುಂಗುರುಳು’ ಎಂಬ ಶಬ್ದವನ್ನು ಹುಡುಕುತ್ತಿರುವಾಗ ಏಳಿ ಎನ್ನುವುದು ಹೇಗೆ?

ಹೀಗಿರುವಾಗ ಒಂದು ಗುರುವಾರ ಲಗಮವ್ವ ಬಂದಳು. ಬೀಳಗಿ ಕಡೆಯ ಹಳ್ಳಿಯ ಹೆಂಗಸು, ಕುರಿಗಳ ಹಿಂದೆ ಅಲೆದು ಕಾಲು ಗಟ್ಟಿ ಮಾಡಿಕೊಂಡವಳು, ಮಾತಿಗೊಮ್ಮೆ ಕುಲದೇವರು ಬೀರಪ್ಪನನ್ನು ಕರೆಯುವವಳು. ತೇರದಾಳಕ್ಕೆ ಕೊಟ್ಟ ಮಗಳು ಬಾಣಂತಿ. ಹೆಂಗಸರಿಗೆ ಬಸ್ಸು ಪುಕ್ಕಟೆಯಾದ ಮೇಲೆ ಲಗಮವ್ವ ಪ್ರತಿ ಗುರುವಾರ ಒಂದು ಗಡಿಗೆ ತುಪ್ಪ, ಒಂದು ಗಂಟು ರೊಟ್ಟಿ ಹಿಡಿದು ಜಮಖಂಡಿಯಲ್ಲಿ ಬಸ್ಸು ಬದಲಿಸಿ ಹೋಗುತ್ತಿದ್ದಳು. ಆ ದಿನ ನನ್ನ ಬೆಂಚಿನ ತುದಿಗೆ ಕೂತು ಸೆರಗಿನಿಂದ ಗಾಳಿ ಹಾಕಿಕೊಳ್ಳುತ್ತಿದ್ದಳು. ಅದೇ ಹೊತ್ತಿಗೆ ಮುಧೋಳದ ಕಾಲೇಜೊಂದರ ಗ್ರಂಥಪಾಲಕರು ಉದ್ದನೆಯ ಪಟ್ಟಿ ಹಿಡಿದು ಒಳಬಂದರು. ಅಂಗಡಿ ತೆರೆದಾಗಿನಿಂದ ಅಷ್ಟು ಉದ್ದದ ಪಟ್ಟಿಯನ್ನು ನಾನು ಕಂಡಿರಲಿಲ್ಲ. ಸ್ಟೂಲು ಹತ್ತಿ ನಿಘಂಟುಗಳನ್ನು ಮೇಲಿನಿಂದ ಇಳಿಸತೊಡಗಿದೆ.

ಅತ್ತ ಮಾಸ್ತರು ಹನ್ನೊಂದನೆಯ ಅಧ್ಯಾಯದಲ್ಲಿದ್ದರು. ಅವರ ನಾಯಕಿ ನೀಲವ್ವ ಬನಹಟ್ಟಿಯ ನೇಕಾರನೊಬ್ಬನ ಹೆಂಡತಿ. ಹತ್ತು ಅಧ್ಯಾಯಗಳ ಉದ್ದಕ್ಕೂ ಗಂಡ, ಅತ್ತೆ, ನಾದಿನಿ ಸರದಿಯ ಪ್ರಕಾರ ಅವಳನ್ನು ಬೈದು ಮುಗಿಸಿದ್ದರು. ಈಗ ಜ್ವರ ಬಂದಿತ್ತು. ಮಾಸ್ತರು ದನಿಯನ್ನು ಇಳಿಸಿ, ಎಳೆದು, ನಡುಗಿಸಿ ಅವಳ ಕೊನೆಯ ಮಾತುಗಳನ್ನು ಓದುತ್ತಿದ್ದರು. ಗ್ರಂಥಪಾಲಕರು, “ಈ ದೊಡ್ಡ ಡಿಕ್ಷನರಿ ಎರಡ ಕಾಪಿ ಇರಲ್ರಿ” ಎಂದರು. ಮಾಸ್ತರು ತಟ್ಟನೆ ತಿರುಗಿ ಕಣ್ಣು ಕೆಂಪಗೆ ಮಾಡಿ, “ಸ್ವಲ್ಪ ಸುಮ್ಮ ಇರ್ರಿ! ಇಲ್ಲೊಬ್ಬಾಕಿ ಸಾಯಾಕತ್ತಾಳ” ಎಂದರು.

ಗ್ರಂಥಪಾಲಕರ ಮುಖ ಬಿಳಿಚಿತು. ಸುತ್ತ ನೋಡಿದರು. ಬೆಂಚಿನ ಮೇಲೆ ಲಗಮವ್ವ ಗೋಡೆಗೊರಗಿ, ಕಣ್ಣುಮುಚ್ಚಿ, ಕೆನ್ನೆಯ ಮೇಲೆ ನೀರು ಹರಿಸುತ್ತ ಕೂತಿದ್ದಳು. ಕತೆ ಕೇಳುತ್ತ ಕೇಳುತ್ತ ಆಕೆಯ ಸ್ಥಿತಿ ಹಾಗಾಗಿತ್ತು. “ಅಯ್ಯ, ದವಾಖಾನಿಗೆ ಯಾಕ ಒಯ್ದಿಲ್ರಿ?” ಎನ್ನುತ್ತ ಅವರು ಹೊರಗೋಡಿದರು. ನಾನು ನಿಘಂಟನ್ನು ಎದೆಗವಚಿಕೊಂಡು ಸ್ಟೂಲಿನಿಂದ ಇಳಿಯುವಷ್ಟರಲ್ಲಿ ಆಟೋ ಬಾಗಿಲಿಗೆ ಬಂದಿತ್ತು, ಅವರು ಲಗಮವ್ವನ ರಟ್ಟೆ ಹಿಡಿದು ಎಬ್ಬಿಸುತ್ತಿದ್ದರು.

“ಬಿಡ್ರೀ! ನಾ ಯಾಕ ಸಾಯಲಿ? ಸಾಯಾಕತ್ತಾಕಿ ನೀಲವ್ವ!”

“ನೀಲವ್ವ ಎಲ್ಲಿ ಅದಾಳ?”

“ಅವರ ಪುಸ್ತಕದಾಗ!”

ಗ್ರಂಥಪಾಲಕರು ಮಾಸ್ತರನ್ನು ನೋಡಿದರು, ನನ್ನನ್ನು ನೋಡಿದರು, ಕೈಯಲ್ಲಿದ್ದ ಪಟ್ಟಿಯನ್ನು ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟರು, ಅದೇ ಆಟೋದಲ್ಲಿ ಕೂತು ಹೊರಟುಹೋದರು. ಮುಧೋಳದಿಂದ ಅವರು ಮತ್ತೆ ಬರಲಿಲ್ಲ.

ನಾನು ಕೂಗಾಡಬೇಕೆಂದು ಬಾಯಿ ತೆರೆದೆ. ಅಷ್ಟರಲ್ಲಿ ಲಗಮವ್ವ ನನಗಿಂತ ಮೊದಲು ಶುರುಮಾಡಿದಳು. ಸೀದಾ ಮಾಸ್ತರ ಮೇಜಿನ ಮುಂದೆ ಹೋಗಿ ನಿಂತು, “ಅಕಿನ ಯಾಕ ಕೊಂದ್ರಿ?” ಎಂದಳು.

ಇಷ್ಟು ದಿನಗಳಲ್ಲಿ ಮೊದಲ ಬಾರಿಗೆ ಓದುಗರೊಬ್ಬರು ಪ್ರಶ್ನೆ ಕೇಳಿದ್ದಕ್ಕೆ ಮಾಸ್ತರು ಹಿಗ್ಗಿದರು. ಕನ್ನಡಕ ತೆಗೆದು, “ಹಂಗಲ್ಲವ್ವಾ. ಓದಾವ್ರ ಕಣ್ಣಾಗ ನೀರ ಬರಬೇಕಲ್ಲ” ಎಂದರು.

“ಕಣ್ಣಾಗ ನೀರ ತರಸಾಕ ಉಳ್ಳಾಗಡ್ಡಿ ಸಾಲೂದಿಲ್ಲೇನ್ರಿ? ಅದಕ್ಕ ಹೆಣ್ಣಮಗಳನ್ನ ಕೊಲ್ಲಬೇಕ?”

“ಜ್ವರ ಬಂದಿತ್ತವ್ವಾ.”

“ನಮಗೆಲ್ಲ ಬಂದಿಲ್ಲೇನ್ರಿ ಜ್ವರ? ರೊಟ್ಟಿ ಬಡದ ಮಲಗತೇವಿ, ಮುಂಜಾನೆ ಏಳತೇವಿ. ಜ್ವರ ಬಂತಂದ ಸಾಯಾಕ ನಮಗೆಲ್ಲಿ ಪುರಸೊತ್ತ ಐತಿ?” ಈ ವಾದದಲ್ಲಿ ತೇರದಾಳದ ಬಸ್ಸು ಹೋಯಿತು. ಮುಂದಿನ ಬಸ್ಸಿಗೆ ಹೊರಡುವಾಗ ಲಗಮವ್ವ ಬಾಗಿಲಲ್ಲಿ ನಿಂತು ಬೆರಳು ತೋರಿಸಿ, “ಬರೂ ಗುರುವಾರ ಬರತೇನಿ. ಅಷ್ಟರಾಗ ಅಕಿನ ಎಬ್ಬಸ್ರಿ” ಎಂದು ಹೋದಳು. ನನ್ನ ನಿಘಂಟು ನನ್ನ ಕೈಯಲ್ಲೇ ಇತ್ತು.

ಆ ವಾರವೆಲ್ಲ ಮಾಸ್ತರು ಒಂದು ಅಕ್ಷರ ಬರೆಯಲಿಲ್ಲ. ಪೆನ್ನು ಹಿಡಿದು ಕಿಟಕಿಯಾಚೆ ನೋಡುತ್ತ ಕೂತರು. ಅಂಗಡಿ ನಿಶ್ಶಬ್ದವಾಗಿತ್ತು, ಎರಡು ಪುಸ್ತಕ ಮಾರಾಟವಾದವು, ನಾನು ಬೀರಪ್ಪನಿಗೆ ಮನಸ್ಸಿನಲ್ಲೇ ಕಾಯಿ ಒಡೆದೆ. ಗುರುವಾರ ಲಗಮವ್ವ ಬಂದವಳೇ ಗಂಟನ್ನು ಇಳಿಸದೆ, “ಎದ್ದಳೇನ್ರಿ?” ಎಂದಳು.

“ಸತ್ತಾಕಿ ಏಳತಾಳೇನವ್ವಾ?” ಎಂದರು ಮಾಸ್ತರು, ತುಸು ಬಿಗಿಯಾಗಿ.

“ಕೊಂದಾವ್ರು ನೀವು, ಎಬ್ಬಸಾವ್ರೂ ನೀವ. ಪೆನ್ನ ನಿಮ್ಮ ಕೈಯಾಗ ಐತಲ್ರಿ?”

ಅಂದು ಇಬ್ಬರೂ ಮುಖ ತಿರುಗಿಸಿ ಕೂತರು. ನಡುವೆ ಕೂತ ನಾನು ಇಬ್ಬರಿಗೂ ಚಹಾ ತರಿಸಿದೆ. ನನ್ನ ಸ್ವಂತ ಅಂಗಡಿಯಲ್ಲಿ ನಾನು ಏನು ಎಂಬುದೇ ನನಗೆ ತಿಳಿಯದಾಗಿತ್ತು. ಮೂರನೆಯ ಗುರುವಾರ ಲಗಮವ್ವ ಬೇರೆಯದೇ ಪ್ರಶ್ನೆ ತಂದಳು. ವಾರವಿಡೀ ಕುರಿಗಳ ಹಿಂದೆ ನಡೆಯುತ್ತ ಅದನ್ನೇ ಯೋಚಿಸಿದ್ದಳಂತೆ. “ಮಾಸ್ತರ, ನೀವು ಮೊದಲನೇ ಸಲ ಓದುವಾಗ ಅಕಿಗೆ ಆರ ತಿಂಗಳ ಕೂಸ ಐತಿ ಅಂದಿದ್ರಿ. ಅಕಿ ಸತ್ತಳು. ಆ ಕೂಸ ಎಲ್ಲಿ ಹೋತ್ರಿ?”

ಮಾಸ್ತರು ನೋಟುಪುಸ್ತಕ ತೆರೆದು ಹುಡುಕಿದರು. ಮುಂದಕ್ಕೆ ತಿರುವಿದರು, ಹಿಂದಕ್ಕೆ ತಿರುವಿದರು. ಆ ಒಂದು ಮಾತು ಬಿಟ್ಟರೆ ಕೂಸು ಎಲ್ಲೂ ಇರಲಿಲ್ಲ. ತಾಯಿಯನ್ನು ಸಾಯಿಸುವ ಭರದಲ್ಲಿ ಕೂಸನ್ನು ಮರೆತುಬಿಟ್ಟಿದ್ದರು. ನನಗೆ ನಗು ತಡೆಯಲಾಗಲಿಲ್ಲ, ‘ಸಿಕ್ಕಿಬಿದ್ದಿರಾ?’ ಎನ್ನುವಂತೆ ಅವರ ಕಡೆ ನೋಡಿದೆ. ನೋಡಬಾರದಾಗಿತ್ತು. ಅವರು ನೋಟುಪುಸ್ತಕ ಮುಚ್ಚಿ, ಎರಡೂ ಕೈ ಅದರ ಮೇಲೆ ಊರಿಕೊಂಡಿದ್ದರು.

“ಖರೇನ ಹಂಗ ಆಗಿತ್ತವ್ವಾ” ಎಂದರು. “ನಮ್ಮ ಮನ್ಯಾಕಿ. ಮೂರ ದಿನದ ಜ್ವರ. ನಾ ಪರೀಕ್ಷಾ ಪೇಪರ್ ತಿದ್ದಕೋತ ಕುಂತಿದ್ದೆ. ಕಡಿಮಿ ಆಕ್ಕೈತಿ ಬಿಡು ಅಂದೆ.” ಪೆನ್ನಿಗೆ ಮುಚ್ಚಳ ಹಾಕಿದರು. “ಕೂಸ ಅಂದರ ನಮ್ಮ ಮಗ. ಟಿವಿ ಹಚ್ಚತಾನಲ್ಲ, ಅಂವಾ. ನಮ್ಮವ್ವ ಅವನ್ನ ಎತ್ತಕೊಂಡ ಹೋದಳು. ನಾ ಅವತ್ತ ಅವನ ಕಡೆ ನೋಡೇ ಇಲ್ಲವ್ವಾ.”

ನಾನು ಬಟ್ಟೆ ತೆಗೆದುಕೊಂಡು ಕಪಾಟಿನ ಧೂಳು ಒರೆಸತೊಡಗಿದೆ. ಅಷ್ಟು ದಿನ ಅವರ ಗಂಟಲಿನ ಗಟ್ಟಿತನವನ್ನಷ್ಟೇ ಕೇಳಿದ್ದೆನಲ್ಲ ಎನಿಸಿತು. ಬಾಗಿಲಾಚೆ ತೇರದಾಳದ ಬಸ್ಸು ಹಾರ್ನ್ ಹೊಡೆಯಿತು, ಲಗಮವ್ವ ಏಳಲಿಲ್ಲ. ಗಂಟು ಬಿಚ್ಚಿ ಮಗಳಿಗೆಂದು ತಂದ ರೊಟ್ಟಿಗಳಲ್ಲಿ ಎರಡನ್ನು ತೆಗೆದು, ಶೇಂಗಾ ಚಟ್ನಿ ಹಾಕಿ, ಮೇಜಿನ ಮೇಲೆ ಇಟ್ಟಳು. “ಖರೇದಾಗ ಆದದ್ದ ಆಗಿ ಹೋತು ಯಪ್ಪಾ. ಅದು ಆ ಬೀರಪ್ಪ ಬರದದ್ದು. ಇದು ನೀವು ಬರಿಯೂದು. ನೀವರ ಸ್ವಲ್ಪ ಛಲೋ ಬರೀರಿ.”

ಮರುದಿನ ಮಾಸ್ತರು ಬೆಳಗ್ಗೆ ನಾನು ಬೀಗ ತೆಗೆಯುವ ಮೊದಲೇ ಬಂದು ನಿಂತಿದ್ದರು. ಒಂಬತ್ತು ಪುಟ ಹರಿದರು. ಮಧ್ಯಾಹ್ನದ ಹೊತ್ತಿಗೆ ನೀಲವ್ವನ ಮೈ ಬೆವರಿತು, ಜ್ವರ ಇಳಿಯಿತು, ಎದ್ದು ಕೂತು ರೊಟ್ಟಿ ಕೇಳಿದಳು, ಕೂಸನ್ನು ಎತ್ತಿಕೊಂಡಳು. ಆ ಪುಟವನ್ನು ಅವರು ಓದುವಾಗ ಅಂಗಡಿಯಲ್ಲಿ ಯಾರೂ ಇರಲಿಲ್ಲ, ನಾನೊಬ್ಬಳೇ. ನಾನು ಏನು ಮಾಡಿದೆನೆಂದು ಬರೆಯುವುದಿಲ್ಲ. ಧೂಳು ಕಣ್ಣಿಗೆ ಬಿದ್ದಿತ್ತು.

ಇಲ್ಲಿಗೆ ಮುಗಿದಿದ್ದರೆ ಎಷ್ಟು ಚೆನ್ನಾಗಿತ್ತು! ಆದರೆ ನನ್ನ ನಿಜವಾದ ಗ್ರಹಚಾರ ಶುರುವಾದದ್ದೇ ಇಲ್ಲಿಂದ. ನೀಲವ್ವ ಸತ್ತಿದ್ದರೆ ಹನ್ನೆರಡನೆಯ ಅಧ್ಯಾಯಕ್ಕೆ ಕಾದಂಬರಿ ಮುಗಿಯುತ್ತಿತ್ತು. ಬದುಕಿದವಳು ಸುಮ್ಮನಿರುತ್ತಾಳೆಯೇ? ಅತ್ತೆಗೆ ಎದುರುತ್ತರ ಕೊಟ್ಟಳು. ಗಂಡನನ್ನು ಕೆಲಸಕ್ಕೆ ಹಚ್ಚಿದಳು. ತಾನೇ ಮಗ್ಗದ ಮುಂದೆ ಕೂತಳು. ಪ್ರತಿ ಗುರುವಾರ ಲಗಮವ್ವ ಮುಂದಿನ ವಾರದ ಆಜ್ಞೆಗಳನ್ನು ಕೊಟ್ಟು ಹೋಗುತ್ತಿದ್ದಳು: “ಆ ನಾದಿನಿಗೆ ಒಂದ ಛಲೋ ವರಾ ನೋಡ್ರಿ, ಹಾಳಾದಾಕಿ ಮನಿ ಬಿಟ್ಟ ಹೋಗಲಿ.” ನಾದಿನಿಗೆ ಮುಂದಿನ ಅಧ್ಯಾಯದಲ್ಲೇ ಮದುವೆಯಾಯಿತು. ಸುದ್ದಿ ಬಸ್ ನಿಲ್ದಾಣದ ತುಂಬ ಹರಡಿತು. ಮೋಟರಿನ ರೈತರು ತುಬಚಿಯಿಂದ ಬಂದಾಗಲೆಲ್ಲ ಹಣಿಕಿ ಹಾಕಿ, “ನೀಲವ್ವಂದು ಎಲ್ಲಿಗ ಬಂತ್ರಿ?” ಎನ್ನತೊಡಗಿದರು. ಬಸ್ಸು ಕಾಯುವವರು ಕತೆಗಾಗಿ ಬಸ್ಸು ಬಿಟ್ಟರು. ಕತೆಗೆಂದು ಬಂದವರು ನಿಲ್ಲಲು ಜಾಗವಿಲ್ಲದೆ ಕಪಾಟುಗಳಿಗೆ ಒರಗಿದರು. ಪುಸ್ತಕ ಕೇಳಿದವರೂ ಇಲ್ಲದಿಲ್ಲ. “ಆ ನೀಲವ್ವನ ಪುಸ್ತಕ ಒಂದ ಕೊಡ್ರಿ.” ಅದು ಇನ್ನೂ ಅಚ್ಚಾಗಿಲ್ಲ, ಬರೆದೇ ಮುಗಿದಿಲ್ಲ, ಬೇರೆ ನೂರಾರು ಕಾದಂಬರಿಗಳಿವೆ ಎಂದು ಕೈ ಬೀಸಿ ತೋರಿಸಿದರೆ, “ಬ್ಯಾಡ್ರಿ, ಮುಗದ ಮ್ಯಾಲೆ ಬರತೇವಿ” ಎಂದು ಹೋಗುತ್ತಿದ್ದರು. ಸಾವಿರ ಪುಸ್ತಕಗಳಿರುವ ಅಂಗಡಿಯಲ್ಲಿ ಜನರಿಗೆ ಬೇಕಾದದ್ದು ಇಲ್ಲದ ಒಂದೇ ಪುಸ್ತಕ!

ಮೂವತ್ತೆಂಟನೆಯ ಅಧ್ಯಾಯದಲ್ಲಿ ನನ್ನ ತಾಳ್ಮೆಯ ಕಟ್ಟೆ ಒಡೆಯಿತು. ಒಂದು ಬುಧವಾರ, ಲಗಮವ್ವನ ಬೆಂಬಲವಿಲ್ಲದ ದಿನ ನೋಡಿ, ಮಾಸ್ತರ ಎದುರಿಗೆ ನಿಂತು ಹೇಳಿಯೇಬಿಟ್ಟೆ. “ಮಾಸ್ತರ, ಒಂದ ತಿಂಗಳ ಅಂದಿದ್ರಿ, ಒಂದ ವರ್ಷ ಆತು. ಇದು ಅಂಗಡಿ ಐತ್ರಿ. ನಾನೂ ಏನರ ಮಾರಬೇಕು. ದಯವಿಟ್ಟ ಮುಗಸ್ರಿ.” ಅವರು ಜಗಳಾಡಿದ್ದರೆ ನನಗೆ ಸಮಾಧಾನವಾಗುತ್ತಿತ್ತು. ಶಾಲೆಯಲ್ಲಿ ಪ್ರಶ್ನೆಗೆ ಉತ್ತರ ತಿಳಿಯದ ಮಗುವಿನ ಹಾಗೆ ತಲೆ ತಗ್ಗಿಸಿ, “ಹೌದ್ರಿ ಬಾಯಾರ. ತಪ್ಪಾತು. ಮುಂದಿನ ಗುರುವಾರ ಮುಗಸತೇನಿ” ಎಂದರು. ಆ ರಾತ್ರಿ ಯಜಮಾನರಿಗೆ ಈ ವಿಜಯವನ್ನು ಎರಡು ಸಲ ವರ್ಣಿಸಿದೆ. ಅವರು ಆರಾಮ ಕುರ್ಚಿಯಿಂದಲೇ, “ನೋಡೂಣು” ಎಂದರು.

ಗುರುವಾರ ಬಂತು. ಬೆಂಚು ತುಂಬಿತ್ತು, ಬಾಗಿಲು ತುಂಬಿತ್ತು, ಲಗಮವ್ವ ಗಂಟು ಮಡಿಲಲ್ಲಿಟ್ಟುಕೊಂಡು ಎಲ್ಲರ ಮುಂದೆ ಕೂತಿದ್ದಳು. ಮಾಸ್ತರು ಕೊನೆಯ ಅಧ್ಯಾಯ ಓದಿದರು. ಸಂಜೆಯ ಹೊತ್ತು, ದಿನದ ಕೆಲಸ ಮುಗಿಸಿದ ನೀಲವ್ವ ಕಟ್ಟೆಯ ಮೇಲೆ ಬಂದು ಕೂತಳು, ಬೀದಿಯ ಎರಡೂ ಬದಿಯ ಮನೆಗಳಿಂದ ಮಗ್ಗದ ಸದ್ದು ಕೇಳುತ್ತಿತ್ತು, ಅವಳ ಮನಸ್ಸು ತಿಳಿಯಾಗಿತ್ತು. ಸಮಾಪ್ತಿ. ಮಾಸ್ತರು ಕನ್ನಡಕ ತೆಗೆದು ಒರೆಸಿಕೊಂಡರು. ಲಗಮವ್ವ ಕೈಯೆತ್ತಿ ಮುಗಿದು, “ಛಲೋ ಆತು ಯಪ್ಪಾ. ತಣ್ಣಗಿರಲಿ” ಎಂದಳು. ತುಬಚಿಯವರು ತಲೆದೂಗಿದರು. ಒಬ್ಬೊಬ್ಬರಾಗಿ ಚೀಲ ಎತ್ತಿಕೊಂಡು ಏಳತೊಡಗಿದರು. ವರ್ಷದಿಂದ ಹಂಬಲಿಸಿದ ಗಳಿಗೆ ಅದು. ನನ್ನ ಅಂಗಡಿ ನನಗೆ ಮರಳಿ ಸಿಗುತ್ತಿತ್ತು.

ಆಗ ಯಾರೋ, “ಅಲ್ರಿ ಮಾಸ್ತರ, ಅಕಿಗೆ ಇನ್ನೂ ನಲವತ್ತ ದಾಟಿಲ್ಲ. ಇಷ್ಟ ಲಗೂನ ಕಟ್ಟಿ ಮ್ಯಾಲೆ ಕುಂದರಿಸಿ ಬಿಟ್ಟರ ಹೆಂಗ್ರಿ? ಮುಂದ ಏನೂ ಮಾಡೂದಿಲ್ಲೇನ ಅಕಿ?” ಎಂದರು.

ಎದ್ದವರೆಲ್ಲ ನಿಂತಲ್ಲೇ ನಿಂತು ಕೌಂಟರಿನ ಕಡೆ ತಿರುಗಿದರು. ಕೌಂಟರಿನ ಹಿಂದೆ ನಾನೊಬ್ಬಳೇ ಇದ್ದೆ. ಲಗಮವ್ವ, “ಖರೇ ಐತಿ ನೋಡ್ರಿ ಅಕ್ಕಾರ ಮಾತು” ಎಂದು ಮತ್ತೆ ಕೂತಳು. ಅವಳ ಹಿಂದೆಯೇ ಇಡೀ ಬೆಂಚು ಕೂತಿತು. ಮಾಸ್ತರು ನನ್ನನ್ನೇ ನೋಡುತ್ತಿದ್ದರು. “ನೋಟಬುಕ್ ಮುಗದೈತ್ರಿ ಬಾಯಾರ” ಎಂದರು, ಮೆಲ್ಲಗೆ.

ನಾನೇ ಚಪ್ಪಲಿ ಮೆಟ್ಟಿ ಪಕ್ಕದ ಅಂಗಡಿಗೆ ಹೋದೆ. ಇನ್ನೂರು ಪುಟದ್ದು ಸಾಕೇ ಎಂದು ಅಂಗಡಿಯವನು ಕೇಳಿದ. ನಾನು ನಾನೂರು ಪುಟದ್ದನ್ನು ಬೆರಳು ಮಾಡಿ ತೋರಿಸಿದೆ.